ಯಾವ ಮುಂಗುಸಿ, ಎಂಥ ಹೆಬ್ಬಾವು?

ಯಳಂದೂರಿನಿಂದ ಹೊರಟು ಗುಂಬಳ್ಳಿ ಚೆಕ್‌ಪೋಸ್ಟ್ ದಾಟಿದರೆ ಬಿಳಿಗಿರಿರಂಗನ ಬೆಟ್ಟದ ರಸ್ತೆ ಮೊದಲು ಕುರುಚಲು ಕಾಡಿನಲ್ಲೇ ಏರುತ್ತದೆ. ಕಲ್ಲು, ಮುಳ್ಳು, ಲಾಂಟಾನದ ಪೊದೆ, ನಡುನಡುವೆ ಆಳೆತ್ತರದ ಹುತ್ತ. ಬಿಸಿಲು ಇನ್ನೇನು ರಸ್ತೆಗೆ ಇಳಿಯಬೇಕು ಅನ್ನುವಾಗ ಪೊದೆಯೊಂದರಿಂದ ಮುಂಗುಸಿ ಹೊರಬಂತು. ಮೈ ಕೆಂಗಂದು, ಬಾಲದ ತುದಿ ಕಪ್ಪು, ಆ ತುದಿಯನ್ನು ಮೇಲಕ್ಕೆ ಕೊಂಕಿಸಿಕೊಂಡಿತ್ತು. ನಿಂತು ನಮ್ಮನ್ನೊಮ್ಮೆ ನೋಡಿ ರಸ್ತೆ ದಾಟಿತು. ಜೊತೆಗಿದ್ದ ಸೋಲಿಗ ಹಿರಿಯರು ಕಾಡಿನ ಕಾವಲಿನಲ್ಲಿ ವರ್ಷಾನುಗಟ್ಟಲೆ ಈ ಗುಡ್ಡಗಳನ್ನು ನಡೆದವರು. "ಒಳ್ಳೇ ಶಕುನ ಸಾ, ಇವತ್ತು ಏನಾರ ಕಾಣ್ತದ" ಅಂದರು.

ಹೊರಟಾಗಿನಿಂದ ತಲೆಯಲ್ಲಿದ್ದ ಪ್ರಶ್ನೆಯನ್ನು ಆಗಲೇ ಕೇಳಿದೆ. "ತಾತ, ಮುಂಗುಸಿಗೂ ಹೆಬ್ಬಾವಿಗೂ ಬಿದ್ದರೆ ಗೆಲ್ಲೋರು ಯಾರು?"

ಅವರು ತಕ್ಷಣ ಉತ್ತರ ಕೊಡಲಿಲ್ಲ. ಸ್ವಲ್ಪ ದೂರ ನಡೆದ ಮೇಲೆ, "ಯಾವ ಮುಂಗ್ಸಿ, ಎಂಥ ಹೆಬ್ಬಾವು, ಅದ ಮೊದ್ಲು ಹೇಳಿ" ಅಂದರು.

ಕೊಳ್ಳೇಗಾಲ, ಯಳಂದೂರು, ಹನೂರು ಸೀಮೆಯಲ್ಲಿ ಓಡಾಡುವಾಗಲೆಲ್ಲ ಆ ಮಾತು ನನ್ನ ಜೊತೆಗೇ ಬಂತು. ಇಬ್ಬರು ಸದಾ ಕಚ್ಚಾಡುತ್ತಿದ್ದರೆ ಹಾವು-ಮುಂಗುಸಿ ಎಂದುಬಿಡುತ್ತೇವೆ. ಹೀಗಂದಾಗ ನಮ್ಮ ಮನಸ್ಸಿನಲ್ಲಿರುವುದು ಒಂದೇ ಹಾವು, ಒಂದೇ ಮುಂಗುಸಿ. ಕಾಡಿನಲ್ಲಿ ಹಾಗಿಲ್ಲ. ಈ ಬೆಟ್ಟಗಳಲ್ಲೇ ಊರಂಚಿನ ಬೂದು ಮುಂಗುಸಿ ಇದೆ, ಒಣಕಾಡಿನ ಕೆಂಪು ಮುಂಗುಸಿ ಇದೆ, ಹೊಳೆಯ ಬದಿಯ ದಟ್ಟ ಕಾಡಿನಲ್ಲಿ ಕತ್ತಿನ ಪಕ್ಕ ಕಪ್ಪು ಪಟ್ಟೆಯಿರುವ ದೊಡ್ಡ ಮುಂಗುಸಿಯೂ ಇದೆ. ಏಷ್ಯಾದ ಮುಂಗುಸಿಗಳಲ್ಲೆಲ್ಲ ದೊಡ್ಡದು ಈ ಪಟ್ಟೆ ಕತ್ತಿನದೇ. ಆದರೂ ಅದರ ತೂಕ ಮೂರು ಕಿಲೋ ಆಸುಪಾಸು. ಬೂದು ಮುಂಗುಸಿಯಂತೂ ಒಂದು ಒಂದೂವರೆ ಕಿಲೋದ ಜೀವ. ಎದುರಿಗೆ ಬರುವ ಹಾವುಗಳೂ ಅಷ್ಟೇ ಬಗೆ: ಕೇರೆ, ನಾಗರ, ಕೊಳಕುಮಂಡಲ, ಕಟ್ಟುಹಾವು, ಹೆಬ್ಬಾವು. ಇವುಗಳಲ್ಲಿ ಒಂದೊಂದರ ಆಯುಧವೂ ಬೇರೆ, ಹೊತ್ತೂ ಬೇರೆ.

ನಾಗರದ ವಿಚಾರ ಮೊದಲು, ಏಕೆಂದರೆ ಮುಂಗುಸಿಯ ಹೆಸರು ನಿಂತಿರುವುದೇ ಅದರ ಮೇಲೆ. ಹೆಡೆ ಬಿಚ್ಚಿ ನಿಂತ ನಾಗರ ನೋಡಲು ಭಯಂಕರ, ನಿಜ. ಆದರೆ ಆ ನಿಲುವಿನಿಂದ ಅದು ಮುಂದಕ್ಕೂ ಕೆಳಕ್ಕೂ ಮಾತ್ರ ಬಡಿಯಬಲ್ಲದು. ಅದರ ಬಡಿತ ಮಂಡಲದ ಹಾವಿನಷ್ಟು ವೇಗದ್ದೂ ಅಲ್ಲ. ಮುಂಗುಸಿ ಇದನ್ನು ಬಲ್ಲದು. ಮೈಯ ರೋಮವನ್ನೆಲ್ಲ ನಿಮಿರಿಸಿ ಇಮ್ಮಡಿಯಾಗಿ ಕಾಣುತ್ತ ಹಾವಿನ ಬಡಿತಕ್ಕೆ ಸಿಕ್ಕಿಯೂ ಸಿಗದಷ್ಟು ಹತ್ತಿರ ಹೋಗುತ್ತದೆ, ಹಿಂದಕ್ಕೆ ಜಿಗಿಯುತ್ತದೆ, ಮತ್ತೆ ಹೋಗುತ್ತದೆ. ಹಲ್ಲು ಬಿದ್ದರೂ ಎಷ್ಟೋ ಸಲ ಬೀಳುವುದು ಒರಟು ಕೂದಲಿಗೆ, ಚರ್ಮಕ್ಕಲ್ಲ. ಒಂದೇ ಸಮನೆ ಬಡಿದು ಬಡಿದು ಹಾವು ಸೋಲುತ್ತದೆ. ಹೆಡೆ ತಗ್ಗಿ ತಲೆ ನೆಲಕ್ಕೆ ಹತ್ತಿರ ಬಂದ ಗಳಿಗೆಯಲ್ಲಿ ಮುಂಗುಸಿ ತಲೆಯ ಹಿಂಭಾಗಕ್ಕೆ ಬಾಯಿ ಹಾಕುತ್ತದೆ. ಬುರುಡೆ ಒಡೆದರೆ ಕೆಲಸ ಮುಗಿದಂತೆ. ಇದರಲ್ಲಿ ಅರ್ಧದಷ್ಟು ಚಳಕ, ಉಳಿದದ್ದು ತಾಳ್ಮೆ. ಆ ತಾಳ್ಮೆಗೆ ಸಿಗಬೇಕಾದ ಮೆಚ್ಚುಗೆ ಅದಕ್ಕೆ ಸಿಕ್ಕಿಲ್ಲ ಎಂದು ನನಗೆ ಯಾವಾಗಲೂ ಅನ್ನಿಸುತ್ತದೆ.

ಕಚ್ಚಿಸಿಕೊಂಡ ಮುಂಗುಸಿ ಪೊದೆಗೆ ಓಡಿ ಯಾವುದೋ ಬೇರು ಜಗಿದು ವಿಷ ಇಳಿಸಿಕೊಂಡು ಬರುತ್ತದೆ ಎಂಬ ನಂಬಿಕೆ ಈ ಕಡೆಯೂ ಉಂಟು. ಬಹಳ ಹಳೆಯ ನಂಬಿಕೆ ಅದು. ಸಸ್ಯಶಾಸ್ತ್ರಜ್ಞ ಲಿನೇಯಸ್ 1753ರಲ್ಲಿ ಒಂದು ಗಿಡಕ್ಕೆ ಓಫಿಯೊರೈಜಾ ಮುಂಗೋಸ್ ಎಂದು ಹೆಸರಿಟ್ಟದ್ದರ ಹಿಂದೆಯೂ ಇದೇ ಇದೆ. ಆದರೆ ಮದ್ದು ಬೇರಿನಲ್ಲಿರಲಿಲ್ಲ, ಮುಂಗುಸಿಯ ಸ್ನಾಯುವಿನೊಳಗೇ ಇತ್ತು. ಇಸ್ರೇಲಿನ ವಿಜ್ಞಾನಿಗಳು 1992ರಲ್ಲಿ ಅದನ್ನು ತೋರಿಸಿದರು. ಕೈ ಎತ್ತು, ಉಸಿರೆಳೆ ಎಂದು ನರ ಹೇಳುವುದು ಸ್ನಾಯುವಿನ ಮೇಲಿರುವ ಸಣ್ಣ ಗ್ರಾಹಕಗಳಿಗೆ. ನಾಗರದ ನರವಿಷ ಆ ಗ್ರಾಹಕದ ಬೀಗದ ಕಿಂಡಿಯಲ್ಲಿ ಹೋಗಿ ಕೂತುಬಿಡುತ್ತದೆ. ಆಮೇಲೆ ನರದ ಸುದ್ದಿ ತಲುಪುವುದಿಲ್ಲ, ಉಸಿರಾಟ ನಿಲ್ಲುತ್ತದೆ. ಮುಂಗುಸಿಯಲ್ಲಿ ಆ ಕಿಂಡಿಯ ಬಾಯಿಗೇ ಒಂದು ಸಕ್ಕರೆಯ ಸರಪಳಿ ಅಂಟಿಕೊಂಡಿದೆ. ನರದ ಸಂದೇಶ ನುಸುಳುತ್ತದೆ, ದಪ್ಪನೆಯ ವಿಷದ ಕಣಕ್ಕೆ ಜಾಗವಿಲ್ಲ. ಹಾಗೆಂದು ಅದಕ್ಕೆ ಸಾವೇ ಇಲ್ಲವೆಂದಲ್ಲ. ವಿಷದ ಪ್ರಮಾಣ ಮಿತಿಮೀರಿದರೆ ಮುಂಗುಸಿಯೂ ಸಾಯುತ್ತದೆ. ಆದ್ದರಿಂದಲೇ ಅದು ತನ್ನ ರಕ್ತಮಾಂಸವನ್ನು ನೆಚ್ಚಿ ಕೂರದೆ ಕಾಲನ್ನೂ ಕಣ್ಣನ್ನೂ ನೆಚ್ಚುತ್ತದೆ.

ಕೊಳಕುಮಂಡಲದ ವಿಷ ಹೆಚ್ಚಾಗಿ ಹಾಳುಮಾಡುವುದು ರಕ್ತವನ್ನು. ಅಲ್ಲಿ ಈ ಕಿಂಡಿಯ ಕಾವಲು ಉಪಯೋಗಕ್ಕೆ ಬಾರದು. ಬೂದು ಮುಂಗುಸಿಯ ರಕ್ತದ ಸೀರಂನಲ್ಲಿ ರಕ್ತಸ್ರಾವ ತಡೆಯುವ ಪ್ರೊಟೀನುಗಳಿವೆ ಎಂದು ಜಪಾನಿನ ಸಂಶೋಧಕರು ಅಲ್ಲಿನ ಹಬು ಎಂಬ ಮಂಡಲದ ಹಾವಿನ ವಿಷ ಬಳಸಿ ಕಂಡುಕೊಂಡಿದ್ದಾರೆ. ಅಂದರೆ ಒಂದೊಂದು ಬಗೆಯ ವಿಷಕ್ಕೆ ಈ ಸಣ್ಣ ಮೈಯಲ್ಲಿ ಒಂದೊಂದು ಬಗೆಯ ಎದುರುಕಟ್ಟೆ.

ಹೆಬ್ಬಾವಿನ ಮುಂದೆ ಇವೆಲ್ಲ ವ್ಯರ್ಥ. ಅದಕ್ಕೆ ವಿಷವೇ ಇಲ್ಲ.

ಕ್ಯಾತದೇವರ ಗುಡಿಯ ಕಡೆಗೆ ಹೋಗುವಾಗ ತೊರೆಯೊಂದರ ಬಳಿ ತಾತ ತಾವು ಕಂಡ ಒಂದು ಘಟನೆ ಹೇಳಿದರು. ಬೇಸಿಗೆಯಲ್ಲಿ ನೀರು ಬತ್ತಿ ಒಂದು ಗುಂಡಿ ಮಾತ್ರ ಉಳಿದಿತ್ತಂತೆ. ಅದರ ಪಕ್ಕ ತರಗಿನಲ್ಲಿ ತೊಡೆ ಗಾತ್ರದ ಹೆಬ್ಬಾವು ಸುರುಳಿ ಸುತ್ತಿಕೊಂಡು ಮಲಗಿತ್ತು. ನೀರಿಗೆ ಬಂದ ಮುಂಗುಸಿ ಅದನ್ನು ಕಂಡು ರೋಮ ನಿಮಿರಿಸಿ ಕಿಚಕಿಚ ಎಂದು ಸದ್ದು ಮಾಡಿತು, ದೂರದಿಂದಲೇ ಸುತ್ತು ಬಂತು, ನೀರು ಕುಡಿಯದೇ ಹೊರಟುಹೋಯಿತು. "ದೊಡ್ಡದ ಮುಟ್ಟಲ್ಲ ಸಾ. ಕಾಡ್ಲಿ ಯಾರೂ ಸುಮ್ನ ಜಗಳಕ್ಕ ಹೋಗದಿಲ್ಲ" ಅಂದರು ತಾತ.

ಹೆಬ್ಬಾವಿನ ಬೇಟೆಯೆಂದರೆ ಕಾಯುವುದು. ತರಗೆಲೆಯ ಬಣ್ಣದಲ್ಲೇ ಬಣ್ಣವಾಗಿ, ತುಟಿಯಂಚಿನ ಕುಳಿಗಳಿಂದ ಬಿಸಿರಕ್ತದ ಮೈಯ ಕಾವನ್ನು ಕತ್ತಲಲ್ಲೂ ಗುರುತಿಸುತ್ತ ಅದು ಬಿದ್ದಿರುತ್ತದೆ. ಹಿಂಬಾಗಿದ ಹಲ್ಲು ಒಮ್ಮೆ ನಾಟಿದರೆ ಸುರುಳಿಗಳು ತಾವಾಗಿ ಬಂದು ಸುತ್ತಿಕೊಳ್ಳುತ್ತವೆ. ಉಸಿರು ಕಟ್ಟಿ ಸಾಯುತ್ತದೆ ಎಂದೇ ಬಹುಕಾಲ ಎಲ್ಲರೂ ತಿಳಿದಿದ್ದರು. ಅಮೆರಿಕದಲ್ಲಿ ಬೋವಾ ಹಾವುಗಳ ಮೇಲೆ ನಡೆದು 2015ರಲ್ಲಿ ಪ್ರಕಟವಾದ ಅಧ್ಯಯನ ಬೇರೆಯದನ್ನು ತೋರಿಸಿತು. ಆ ಬಿಗಿತಕ್ಕೆ ಮೊದಲು ಕುಸಿಯುವುದು ರಕ್ತದ ಹರಿವು. ಕೆಲವೇ ಸೆಕೆಂಡುಗಳಲ್ಲಿ ರಕ್ತದೊತ್ತಡ ಬಿದ್ದು ಹೃದಯದ ಲಯ ತಪ್ಪುತ್ತದೆ. ಬಳಲಿಸಿ ಗೆಲ್ಲುವ ಮುಂಗುಸಿಯ ಉಪಾಯಕ್ಕೆ ಇಲ್ಲಿ ಸಮಯವೇ ಸಿಗುವುದಿಲ್ಲ. ಜಿಂಕೆಮರಿಯನ್ನೂ ಕೋತಿಯನ್ನೂ ನುಂಗುವ ಹಾವಿಗೆ ಒಂದೂವರೆ ಕಿಲೋದ ಜೀವ ಒಂದು ತುತ್ತು.

ಆದರೆ ತಾತನ ಪ್ರಶ್ನೆಗೆ ಇನ್ನೊಂದು ಮುಖವಿದೆ, ನನ್ನನ್ನು ಹೆಚ್ಚು ಹಿಡಿದಿಟ್ಟದ್ದು ಅದೇ. ಹೆಬ್ಬಾವು ಹುಟ್ಟುವಾಗಲೇ ಹೆಬ್ಬಾವಾಗಿ ಹುಟ್ಟುವುದಿಲ್ಲ. ಬೇಸಿಗೆಯ ಹೊತ್ತಿಗೆ ತಾಯಿ ಯಾವುದೋ ಪೊಟರೆಯಲ್ಲಿ ಮೊಟ್ಟೆಯಿಟ್ಟು ಅವನ್ನು ಸುತ್ತಿಕೊಂಡು ಕೂರುತ್ತದೆ. ತಂಪು ಹೆಚ್ಚಿದಾಗ ಸ್ನಾಯುಗಳನ್ನು ಅದುರಿಸಿ ಅದುರಿಸಿ ಕಾವು ಕೊಡುತ್ತದೆ. ಹಾವುಗಳಲ್ಲಿ ಇಂಥ ತಾಯ್ತನ ಅಪರೂಪ. ಎರಡು ತಿಂಗಳ ಮೇಲೆ ಮರಿ ಹೊರಬಂದ ದಿನಕ್ಕೆ ತಾಯಿಯ ಆರೈಕೆ ಮುಗಿಯಿತು. ಎರಡಡಿ ಉದ್ದದ ಆ ಮರಿಯನ್ನು ಮುಂಗುಸಿ ತಿನ್ನುತ್ತದೆ, ಉಡ ತಿನ್ನುತ್ತದೆ, ನರಿ ತಿನ್ನುತ್ತದೆ, ಹದ್ದು ಎತ್ತಿಕೊಂಡು ಹೋಗುತ್ತದೆ. ತಾಯಿ ಎದ್ದ ಗಳಿಗೆ ನೋಡಿ ಮೊಟ್ಟೆಗೂ ಬಾಯಿ ಹಾಕುವವರಿದ್ದಾರೆ. ಮುಂಗಾರು ಶುರುವಾದಾಗ ಬಂಡೆಯ ಸಂದಿನಿಂದ ಮುಂಗುಸಿಯೊಂದು ಹೆಬ್ಬಾವಿನ ಮರಿ ಎಳೆದುಕೊಂಡು ಹೋದದ್ದನ್ನೂ ತಾತ ಕಂಡಿದ್ದರು. ತಪ್ಪಿಸಿಕೊಂಡ ಮರಿ ಇಲಿ ತಿಂದು, ಮೊಲ ತಿಂದು, ವರ್ಷಗಳು ಕಳೆದು ದಪ್ಪವಾದಾಗ ಅದೇ ಬಂಡೆಯ ಬಳಿ ಇನ್ನೊಂದು ಮುಂಗುಸಿ ಅದರ ಬಾಯಿಗೆ ಸಿಗುತ್ತದೆ. ಯಾರು ಗೆಲ್ಲುತ್ತಾರೆ ಎಂದು ಕೇಳಿದರೆ, ಯಾವ ವರ್ಷ, ಯಾವ ಮಾಸ ಎಂದು ಕಾಡು ಮರಳಿ ಕೇಳುತ್ತದೆ.

ಬಿಳಿಗಿರಿರಂಗನ ಬೆಟ್ಟ 1974ರಲ್ಲಿ ಅಭಯಾರಣ್ಯವಾಯಿತು, 2011ರಲ್ಲಿ ಹುಲಿ ಸಂರಕ್ಷಿತ ಪ್ರದೇಶ. ಸೋಲಿಗರಿಗೆ ಸಮುದಾಯದ ಅರಣ್ಯಹಕ್ಕು ಸಿಕ್ಕಿದ್ದೂ ಅದೇ ವರ್ಷ. ಹುಲಿಯ ಲೆಕ್ಕ, ಆನೆಯ ಲೆಕ್ಕ ನಡೆಯುತ್ತದೆ, ನಡೆಯಬೇಕು ಕೂಡ. ಮುಂಗುಸಿ, ಪುನುಗುಬೆಕ್ಕು, ಕಾಡುಬೆಕ್ಕುಗಳ ಕಡೆಗೆ ಕಣ್ಣು ಹೋಗುವುದು ಕಡಿಮೆ. ತಾತನ ಮಾತಿನಲ್ಲಿ ಮಾತ್ರ ಎಲ್ಲಕ್ಕೂ ಸಮನಾದ ಜಾಗವಿತ್ತು. ಕಾಡುಹಂದಿ ಹಾವು ತಿನ್ನುವುದನ್ನು ಅವರು ಹುಲಿಯ ಬೇಟೆಯಷ್ಟೇ ಆಸಕ್ತಿಯಿಂದ ಹೇಳಿದರು.

ಬೆಟ್ಟ ಇಳಿದು ಮತ್ತೆ ಯಳಂದೂರಿಗೆ ಬಂದೆ. ದಿವಾನ್ ಪೂರ್ಣಯ್ಯನವರಿಗೆ 1807ರಲ್ಲಿ ಜಹಗೀರಾಗಿ ಸಿಕ್ಕಿದ ಊರಿದು. ಗೌರೀಶ್ವರ ದೇವಸ್ಥಾನದ ಮುಂದಿನ ಬಳೆಮಂಟಪವನ್ನು ನೋಡದೆ ಮುಂದೆ ಹೋಗಲು ನನಗಾಗುವುದಿಲ್ಲ; ಕಲ್ಲಿನಲ್ಲಿ ಕಡೆದ ಆ ಬಳೆಗಳು ಅಷ್ಟು ಚೆನ್ನ. ಅಲ್ಲಿಂದ ಕೊಳ್ಳೇಗಾಲದ ಕಡೆ ಸುವರ್ಣಾವತಿಯ ಬಯಲು, ಗದ್ದೆ, ಕಬ್ಬು. ಹೆಬ್ಬಾವು ಊರಿನವರಿಗೆ ಎದುರಾಗುವುದು ಇಲ್ಲಿ. ಕಬ್ಬಿನ ಗದ್ದೆಯಲ್ಲಿ ಇಲಿ, ಹೆಗ್ಗಣ, ನೆರಳು, ತೇವ ಎಲ್ಲವೂ ಇವೆ. ಕಟಾವಿಗೆ ಬಂದ ಕೂಲಿಯವರು ಸೋಗೆ ಸರಿಸಿದಾಗ ಅದು ಕಾಣಿಸುತ್ತದೆ, ಕೂಗು ಏಳುತ್ತದೆ. ಮೊದಲು ದೊಣ್ಣೆ ಬರುತ್ತಿತ್ತು. ಈಗ ಹೆಚ್ಚಿನ ಊರುಗಳಲ್ಲಿ ಫೋನು ಹೋಗುತ್ತದೆ, ಹಾವು ಹಿಡಿಯುವವರು ಬಂದು ಚೀಲಕ್ಕೆ ಹಾಕಿಕೊಂಡು ಅರಣ್ಯ ಇಲಾಖೆಯವರ ಜೊತೆ ಕಾಡಿಗೆ ಬಿಡುತ್ತಾರೆ. ಈ ಬದಲಾವಣೆ ತಂದವರು ಯಾವ ಪದಕವನ್ನೂ ಕಾಣದ ಹಳ್ಳಿಯ ಹುಡುಗರು.

ಮುಂಗುಸಿಗೆ ಈ ಬಯಲಿನಲ್ಲಿ ಹಾವಿಗಿಂತ ದೊಡ್ಡ ಶತ್ರು ಉರುಳು. ಚಿತ್ರ ಬರೆಯುವ ಕುಂಚಕ್ಕೆ ಅದರ ಕೂದಲು ಬೇಕು. ಒಂದು ಕಿಲೋ ಕೂದಲಿಗೆ ಐವತ್ತರಷ್ಟಾದರೂ ಮುಂಗುಸಿಗಳು ಸಾಯಬೇಕು. 2022ರ ತಿದ್ದುಪಡಿಯಲ್ಲಿ ವನ್ಯಜೀವಿ ಸಂರಕ್ಷಣಾ ಕಾನೂನು ಮುಂಗುಸಿಯನ್ನು ಮೊದಲನೆಯ ಅನುಸೂಚಿಗೆ, ಹುಲಿಯ ಸಾಲಿಗೆ ತಂದು ನಿಲ್ಲಿಸಿದೆ. ಸಂತೆಯಲ್ಲಿ ಬಾಯಿ ಹೊಲಿದ ಹಾವನ್ನೂ ಹಗ್ಗ ಕಟ್ಟಿದ ಮುಂಗುಸಿಯನ್ನೂ ಎದುರುಬದುರು ಬಿಡುತ್ತಿದ್ದ ಆಟ ನಿಂತದ್ದು ನನಗೆ ಸಂತೋಷದ ಸಂಗತಿ. ಅಲ್ಲಿ ಕಾಳಗವೇ ಇರಲಿಲ್ಲ, ಇದ್ದದ್ದು ಎರಡು ಜೀವಗಳ ಹಿಂಸೆ.

ಕೊಳ್ಳೇಗಾಲದಿಂದ ಕಾಮಗೆರೆಯ ಮೇಲೆ ಹನೂರು. 1956ರವರೆಗೆ ಈ ಸೀಮೆಯೆಲ್ಲ ಮದ್ರಾಸಿನ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು; ಹನೂರು ಬೇರೆ ತಾಲ್ಲೂಕಾದದ್ದು ಈಚೆಗೆ. ಬೆಟ್ಟದ ಹಸಿರು ಇಲ್ಲಿಗೆ ಮುಗಿಯುತ್ತದೆ. ಒಣ ಎಲೆಯುದುರುವ ಕಾಡು, ಕಮರ, ಜಾಲಿ, ಕಾದ ಬಂಡೆ. ಒಂದು ಕಡೆ ಕಾವೇರಿ ವನ್ಯಜೀವಿಧಾಮ, ಇನ್ನೊಂದು ಕಡೆ 2013ರಲ್ಲಿ ಘೋಷಣೆಯಾದ ಮಲೆ ಮಹದೇಶ್ವರ ವನ್ಯಜೀವಿಧಾಮ. ಎಷ್ಟೋ ಕಾಲ ಯಾರೂ ಹೆಚ್ಚು ಗಮನಿಸದ ಈ ಒಣಕಾಡಿನಲ್ಲಿ ಚಿರತೆಗಳನ್ನು ಎಣಿಸಲೆಂದು ವನ್ಯಜೀವಿ ವಿಜ್ಞಾನಿ ಸಂಜಯ್ ಗುಬ್ಬಿ ಮತ್ತು ಅವರ ಸಂಗಡಿಗರು ಕ್ಯಾಮೆರಾಗಳನ್ನು ಕಟ್ಟಿದರು. 2014ರಲ್ಲಿ ಕಾವೇರಿ ವನ್ಯಜೀವಿಧಾಮದ ಕ್ಯಾಮೆರಾಗಳಲ್ಲಿ ಚಿರತೆಯ ಜೊತೆ ಬೇರೊಂದು ಪ್ರಾಣಿಯೂ ಸೆರೆಯಾಯಿತು. ಕಾಲು ಗಿಡ್ಡ, ಬೆನ್ನು ಬೂದುಬಿಳಿ, ಹೊಟ್ಟೆ ಕಪ್ಪು. ಅದು ತರಕರಡಿ. ಕರ್ನಾಟಕದಲ್ಲಿ ತರಕರಡಿ ಇರುವುದಕ್ಕೆ ಸಿಕ್ಕ ಮೊದಲ ಛಾಯಾಚಿತ್ರದ ಸಾಕ್ಷಿ ಅದೇ.

ಹಾವಿನ ಎದುರು ನಿಲ್ಲುವ ಸಣ್ಣ ಬೇಟೆಗಾರರಲ್ಲಿ ಮುಂಗುಸಿಯ ಸಮಕ್ಕೆ ನಿಲ್ಲುವುದು ಇದೊಂದೇ. ಮುಂಗುಸಿಯ ಚಳಕ ಇದಕ್ಕಿಲ್ಲ, ಬೇಕಾಗಿಯೂ ಇಲ್ಲ. ಚರ್ಮ ದಪ್ಪ, ಅದೂ ಸಡಿಲ. ಯಾರಾದರೂ ಕತ್ತು ಹಿಡಿದರೆ ಚರ್ಮದೊಳಗೇ ತಿರುಗಿ ಹಿಡಿದವರನ್ನು ಕಚ್ಚಬಲ್ಲದು. ಉಗುರು ಹುತ್ತ ಒಡೆಯುವಷ್ಟು ಗಟ್ಟಿ. ಆಫ್ರಿಕದ ಕಲಹಾರಿಯಲ್ಲಿ ಕಾಲೀನ್ ಮತ್ತು ಕೀತ್ ಬೆಗ್ ದಂಪತಿ ವರ್ಷಗಳ ಕಾಲ ತರಕರಡಿಗಳ ಹಿಂದೆ ಅಲೆದು ನೋಡಿದಾಗ ಅವುಗಳ ಆಹಾರದಲ್ಲಿ ಹಾವಿಗೆ ದೊಡ್ಡ ಪಾಲಿತ್ತು, ವಿಷದ ಹಾವುಗಳೂ ಸೇರಿ. 2015ರಲ್ಲಿ ಅಮೆರಿಕದ ಮಿನೆಸೋಟ ವಿಶ್ವವಿದ್ಯಾಲಯದ ಸಂಶೋಧಕರು ಇದರ ಗ್ರಾಹಕವನ್ನೂ ಪರೀಕ್ಷಿಸಿದರು. ಮುಂಗುಸಿಯಲ್ಲಿ ಬದಲಾದ ಜಾಗದಲ್ಲೇ ಇದರಲ್ಲೂ ಬದಲಾವಣೆಯಿತ್ತು, ಬಗೆ ಮಾತ್ರ ಬೇರೆ. ಇಲ್ಲಿ ಸಕ್ಕರೆಯ ತಡೆಯಿಲ್ಲ. ಒಂದು ಅಮೈನೋ ಆಮ್ಲ ಬದಲಾಗಿ ಅಲ್ಲಿ ಧನ ವಿದ್ಯುದಂಶ ಬಂದಿದೆ, ಧನ ಅಂಶವೇ ಇರುವ ವಿಷವನ್ನು ಅದು ದೂರ ತಳ್ಳುತ್ತದೆ. ಹಂದಿಯಲ್ಲೂ ಅದೇ ಉಪಾಯ. ತಾತ ಹೇಳಿದ ಕಾಡುಹಂದಿ ನನಗೆ ಆಗ ನೆನಪಾಯಿತು. ಒಬ್ಬರನ್ನೊಬ್ಬರು ನೋಡಿ ಕಲಿಯದೆ, ಬೇರೆ ಬೇರೆ ವಂಶಗಳು ಹಾವಿನೊಡನೆ ಬದುಕಿ ಬದುಕಿ ಅದೇ ಜಾಗಕ್ಕೆ ಕೈಯಿಟ್ಟಿವೆ. ಹತ್ತು ಕಿಲೋ ತೂಗುವ ತರಕರಡಿ ಬೆಳೆದ ಹೆಬ್ಬಾವಿಗೂ ಸುಲಭದ ತುತ್ತಲ್ಲ. ಇಬ್ಬರೂ ರಾತ್ರಿ ಓಡಾಡುವವರು, ಇಬ್ಬರಿಗೂ ಬಿಲ ಬೇಕು. ಆದರೂ ಇಬ್ಬರೂ ಸಂಧಿಸಿ ದಾರಿ ಬಿಡುವುದೇ ಹೆಚ್ಚಿರಬೇಕು ಎಂದು ನನ್ನ ಊಹೆ.

ಹೆಬ್ಬಾವು ಬೇರೆಯವರ ಜೊತೆ ಒಂದೇ ಬಿಲದಲ್ಲಿ ಇರುವುದೂ ಉಂಟು. ರಾಜಸ್ಥಾನದ ಭರತಪುರದಲ್ಲಿ ಮುಳ್ಳುಹಂದಿ ತೋಡಿದ ಬಿಲಗಳಲ್ಲಿ ಹೆಬ್ಬಾವುಗಳು ಚಳಿಗಾಲ ಕಳೆಯುವುದನ್ನು ದಾಖಲಿಸಿದ್ದಾರೆ, ಮುಳ್ಳುಹಂದಿ ಒಳಗಿರುವಾಗಲೇ.

ಹನೂರಿನಿಂದ ಕೌದಳ್ಳಿ ದಾಟಿ ತಾಳಬೆಟ್ಟ. ಮಲೆ ಮಹದೇಶ್ವರನ, ಅಂದರೆ ಮಾದಪ್ಪನ ಭಕ್ತರು ಬರಿಗಾಲಲ್ಲಿ ಬೆಟ್ಟ ಹತ್ತಲು ಶುರುಮಾಡುವುದು ಇಲ್ಲಿಂದ. ಇನ್ನೂ ಆಚೆ ನಾಗಮಲೆಯಲ್ಲಿ ಬಂಡೆ ಹೆಡೆಯೆತ್ತಿ ಲಿಂಗಕ್ಕೆ ನೆರಳಾಗಿದೆ. ಹುಲಿಯನ್ನೇರಿದ ದೇವರ ನಾಡಿನಲ್ಲಿ ಷಷ್ಠಿಯ ದಿನ ಹುತ್ತಕ್ಕೆ ತನಿ ಎರೆಯುವ ಮನೆಗಳಿಗೆ ಲೆಕ್ಕವಿಲ್ಲ. ಹಾವಿನ ಮೇಲಿನ ಆ ಭಯಭಕ್ತಿ ಎಷ್ಟೋ ಹುತ್ತಗಳನ್ನು ಉಳಿಸಿದೆ. ಖಾಲಿ ಹುತ್ತದಲ್ಲಿ ನಾಗರವೂ ಇರಬಹುದು, ಮುಂಗುಸಿಯೂ ಮರಿ ಹಾಕಿರಬಹುದು.

ವಾಪಸು ಬರುವಾಗ ಹನೂರಿನ ಹತ್ತಿರದ ತೋಟದ ಮನೆಯೊಂದರಲ್ಲಿ ನೀರು ಕೇಳಿ ಕುಳಿತೆ. ಮಾತು ಹಾವಿಗೆ ಬಂತು. ಮನೆಯಾಕೆ ಹಿತ್ತಲ ಕಲ್ಲುಗುಡ್ಡೆ ತೋರಿಸಿ, "ಅಲ್ಲಿ ಮುಂಗ್ಸಿ ಅವ ಅಣ್ಣ. ಅವು ಇರಗಂಟ ನಮಗ ಹಾವಿನ ಭಯ ಇಲ್ಲ" ಅಂದರು.

ಅದನ್ನು ಹಾಗೆಯೇ ಬಿಟ್ಟು ಬರಲು ನನಗೆ ಮನಸ್ಸಾಗಲಿಲ್ಲ. ಇದೇ ನಂಬಿಕೆಯಿಂದ 1910ರಲ್ಲಿ ಜಪಾನಿನ ಪ್ರಾಣಿಶಾಸ್ತ್ರಜ್ಞ ಶೋಜಬುರೊ ವತಸೆ ಗಂಗಾ ಮುಖಜಭೂಮಿಯ ಸಣ್ಣ ಮುಂಗುಸಿಗಳನ್ನು ಓಕಿನಾವಾ ದ್ವೀಪದಲ್ಲಿ ಬಿಡಿಸಿದರು, ಹಬು ಹಾವು ನಾಶವಾಗಲಿ ಎಂದು. 1979ರಲ್ಲಿ ಅಮಾಮಿ ದ್ವೀಪದಲ್ಲೂ ಬಿಟ್ಟರು. ಹಬು ಓಡಾಡುವುದು ರಾತ್ರಿ, ಮುಂಗುಸಿ ಹಗಲಿನ ಪ್ರಾಣಿ. ಹಾವು ಉಳಿಯಿತು; ಮುಂಗುಸಿಗಳು ಅಲ್ಲಿನ ಅಪರೂಪದ ಕಪ್ಪು ಮೊಲಗಳನ್ನೂ ಹಕ್ಕಿಗಳನ್ನೂ ತಿಂದವು. ದಶಕಗಳ ಕಾಲ ಹಿಡಿದು ಹಿಡಿದು, ಅಮಾಮಿಯಲ್ಲಿ ಇನ್ನು ಒಂದೂ ಉಳಿದಿಲ್ಲ ಎಂದು ಸರ್ಕಾರ ಘೋಷಿಸಿದ್ದು 2024ರಲ್ಲಿ.

ಆಕೆಗೆ ದ್ವೀಪದ ಕಥೆಗಿಂತ ಹಗಲು-ರಾತ್ರಿಯ ಮಾತು ಮುಖ್ಯವಾಯಿತು. "ಕಟ್ಟಾವು ರಾತ್ರಿಯಲ್ವಾ ಬರದು?" ಎಂದು ಕೇಳಿದರು. ಹೌದು ಎಂದೆ. ಮುಂಗುಸಿ ಕತ್ತಲಾದರೆ ಬಿಲ ಸೇರುತ್ತದೆ. ಕಟ್ಟುಹಾವು ಹೊರಡುವುದೇ ಆಗ, ನೆಲದ ಮೇಲೆ ಮಲಗಿದವರನ್ನು ನಿದ್ದೆಯಲ್ಲೇ ಕಚ್ಚುತ್ತದೆ, ಎಷ್ಟೋ ಸಲ ನೋವು ಕೂಡ ಗೊತ್ತಾಗುವುದಿಲ್ಲ. 2000ದಿಂದ 2019ರವರೆಗೆ ದೇಶದಲ್ಲಿ ಹಾವು ಕಚ್ಚಿ ಸತ್ತವರು ಸುಮಾರು ಹನ್ನೆರಡು ಲಕ್ಷ ಎಂದು ಒಂದು ಅಧ್ಯಯನ ಅಂದಾಜು ಮಾಡಿದೆ, ಹೆಚ್ಚಿನವರು ಹಳ್ಳಿಯವರು. ಕರ್ನಾಟಕ ಸರ್ಕಾರ 2024ರಲ್ಲಿ ಹಾವು ಕಡಿತದ ಪ್ರತಿಯೊಂದು ಪ್ರಕರಣವನ್ನೂ ವರದಿ ಮಾಡಬೇಕೆಂದು ಆದೇಶಿಸಿತು. ಮಂಚ ಇರಲಿ, ಸೊಳ್ಳೆಪರದೆಯನ್ನು ಹಾಸಿಗೆಯ ಕೆಳಗೆ ಸೇರಿಸಿ ಕಟ್ಟಿ, ರಾತ್ರಿ ಟಾರ್ಚಿಲ್ಲದೆ ಹಿತ್ತಲಿಗೆ ಹೋಗಬೇಡಿ, ಕಚ್ಚಿದರೆ ಮಂತ್ರ ಬೇರು ಎನ್ನದೆ ನೇರ ಆಸ್ಪತ್ರೆಗೆ ಹೋಗಿ ಎಂದೆ. ಮುಂಗುಸಿಗೆ ಸ್ನಾಯುವಿನಲ್ಲೇ ಇರುವ ಕಾವಲು ನಮಗಿಲ್ಲ ಅಕ್ಕ, ನಮಗಿರುವುದು ಆಸ್ಪತ್ರೆಯಲ್ಲಿ ಕೊಡುವ ವಿಷನಿರೋಧಕ ಇಂಜೆಕ್ಷನ್ ಒಂದೇ ಎಂದೂ ಹೇಳಿದೆ.

ಆಕೆ ಒಳಗಿದ್ದ ಮಗನನ್ನು ಕೂಗಿದರು. ಗೋಡೆಗೆ ಒರಗಿಸಿದ್ದ ಸೌದೆಯನ್ನೆಲ್ಲ ಕತ್ತಲಾಗುವುದರೊಳಗೆ ಬೇಲಿಯ ಹತ್ತಿರಕ್ಕೆ ಹಾಕಬೇಕು, ಸಂದಿನಲ್ಲಿ ಇಲಿ ಸೇರಿಕೊಂಡಿವೆ ಎಂದರು. ಅವನು ಸೌದೆ ಹೊತ್ತು ಕಲ್ಲುಗುಡ್ಡೆಯ ಕಡೆ ಹೊರಟಾಗ ಮಾತ್ರ ತಡೆದರು: "ಆ ಕಡ ಹಾಕ್ಬ್ಯಾಡ ಮಗ, ಅಲ್ಲಿ ಮರಿ ಅವ."